ಕಿರೀಟಕ್ಕ ಟೇಪು ಹಿಡಿಯಾಕ ಬರತೈತೇನು?

(ಕೊಪ್ಪಳದ ಜಿಲ್ಲಾ ಕ್ರೀಡಾಂಗಣದ ಮೆಟ್ಟಿಲ ಮೇಲೆ ಇಬ್ಬರು ಕೂತಿದ್ದಾರೆ. ಒಬ್ಬರು ಕುಷ್ಟಗಿ ಕಡೆಯ ಹೈಸ್ಕೂಲೊಂದರ ದೈಹಿಕ ಶಿಕ್ಷಕಿ, ನಿವೃತ್ತಿಗೆ ಹತ್ತಿರವಾದವರು. ಇನ್ನೊಬ್ಬಳು ಅವರ ಕೈಯಲ್ಲೇ 800 ಮೀಟರ್ ಓಡಲು ಕಲಿತ ಹುಡುಗಿ. ಕ್ಷಯ ಬಂದು, ಆರು ತಿಂಗಳ ಔಷಧಿ ಮುಗಿಸಿ, ಈಗ ಒಂದು ಸೌಂದರ್ಯ ಸ್ಪರ್ಧೆಗೆ ಅರ್ಜಿ ಹಾಕುವ ಯೋಚನೆಯಲ್ಲಿದ್ದಾಳೆ.)

ಹುಡುಗಿ: ಅಕ್ಕೋರ, ವಿದಿಶಾ ಬಲಿಯಾನ್ ಅನ್ನಾಕಿ ಹೆಸರು ಕೇಳೀರೇನ್ರಿ?

ಅಕ್ಕೋರು: ಇಲ್ಲವಾ. ಯಾರಕಿ, ಓಡಾಕೀನು?

ಹುಡುಗಿ: ಟೆನಿಸ್ ಆಡತಿದ್ಲು. ಉತ್ತರ ಪ್ರದೇಶದ ಮುಜಫ್ಫರನಗರದಾಕಿ. ಕಿವಿ ಕೇಳೂದಿಲ್ಲ. 2017ರಾಗ ಟರ್ಕಿ ದೇಶದಾಗ ಕಿವುಡರ ಒಲಿಂಪಿಕ್ಸ್ ಆತಲ್ರಿ, ಅಲ್ಲಿ ಭಾರತದ ಪರವಾಗಿ ಆಡ್ಯಾಳ. ಆಮ್ಯಾಲ ಬೆನ್ನಿಗೆ ಪೆಟ್ಟಾಗಿ ಆಟ ಬಿಡಬೇಕಾತು. ಮನ್ಯಾಗ ಕುಂದರಲಿಲ್ಲ. 2019ರ ಜುಲೈದಾಗ ದಕ್ಷಿಣ ಆಫ್ರಿಕಾದ ಎಂಬೊಂಬೆಲಾ ಅನ್ನೂ ಊರಾಗ ಮಿಸ್ ಡೆಫ್ ವರ್ಲ್ಡ್ ಕಿರೀಟ ಗೆದ್ದಳು. ಅದನ್ನ ಗೆದ್ದ ಮೊದಲ ಭಾರತೀಯಳು ಅಕಿ. ವೇದಿಕಿ ಮ್ಯಾಲ ತಾಂಡವ ಕುಣದಳಂತ್ರಿ, ಕಿವಿ ಕೇಳದಾಕಿ!

ಅಕ್ಕೋರು: ಶಹಬ್ಬಾಸ್ ಅನ್ನಬೇಕು. ಅದಕ್ಕ ನೀನೂ ಹೊಂಟೀಯೇನು ಕಿರೀಟದ ಹಿಂದ?

ಹುಡುಗಿ: ಹೊಂಟ್ರ ತಪ್ಪೇನ್ರಿ?

ಅಕ್ಕೋರು: ತಪ್ಪು ಅನ್ನೂದಿಲ್ಲ. ನನಗ ಹಿಡಸೂದಿಲ್ಲ. ಯಾಕ ಹೇಳು? ಮೂವತ್ತು ವರ್ಷ ನಾ ಈ ಕೈಯಾಗ ಸ್ಟಾಪ್‌ವಾಚ್ ಹಿಡದೇನಿ. ಗಡಿಯಾರಕ್ಕ ನೀ ಯಾರ ಮಗಳು, ಯಾವ ಓಣಿ, ಬಣ್ಣ ಏನು ಅಂತ ಗೊತ್ತಿರೂದಿಲ್ಲ. ಲಾಂಗ್ ಜಂಪಿಗೆ ಟೇಪು ಹಿಡಿತೀವಿ, ಬಂದಷ್ಟು ಬಂತು. ಸುಂದರಿ ಸ್ಪರ್ಧಾದಾಗ ಟೇಪು ಎಲ್ಲಿ ಹಿಡೀತಾರ? ನಾಕೈದು ಮಂದಿ ಸಾಲಾಗಿ ಕುಂತು ನೋಡತಾರ. ಅವರ ಕಣ್ಣಿಗೆ ಹಿಡಿಸಿದ್ರ ಗೆದ್ದಿ, ಇಲ್ಲಂದ್ರ ಸೋತಿ. ಅದೆಂಥಾ ಆಟ?

ಹುಡುಗಿ: ಓಟದಾಗ ಬರೇ ಗಡಿಯಾರ ಐತೇನ್ರಿ? ನೀವ ನಮಗ ಹೇಳಿದ್ರಿ, ತಮಿಳುನಾಡಿನ ಶಾಂತಿ ಸೌಂದರರಾಜನ್ ಕತಿ. ನನ್ನ ಓಟಾನ, 800 ಮೀಟರ್. 2006ರಾಗ ದೋಹಾ ಏಷ್ಯನ್ ಗೇಮ್ಸ್‌ನಾಗ ಬೆಳ್ಳಿ ಗೆದ್ದಳು. ಗಡಿಯಾರ ಒಪ್ಪಿತ್ತು. ಆಮ್ಯಾಲ ನೀ ಹೆಣ್ಣು ಹೌದೋ ಅಲ್ಲೋ ಅಂತ ಪರೀಕ್ಷಾ ಮಾಡಿ ಪದಕ ಕಸಗೊಂಡ್ರು. ಓಟಗಾರ್ತಿ ದ್ಯುತಿ ಚಾಂದ್‌ಗೂ 2014ರಾಗ ಹಂಗ ತಡದಿದ್ರು. ಹೆಣ್ಣಮಕ್ಕಳ ಮೈಯನ್ನ ಕಣ್ಣಿಂದ ಅಳಿಯೂದು ಮೈದಾನದಾಗೂ ಐತ್ರಿ.

ಅಕ್ಕೋರು: ಅದು ಅನ್ಯಾಯ. ನಾನೂ ಅದನ್ನ ಅನ್ಯಾಯ ಅಂತನ ಹೇಳಿಕೊಟ್ಟೇನಿ.

ಹುಡುಗಿ: ಮತ್ತ ಅಶ್ವಿನಿ ನಾಚಪ್ಪ? ಕೊಡಗಿನ ಹುಡುಗಿ, ಪಿ.ಟಿ. ಉಷಾನ್ನ ಹಿಂದ ಹಾಕಿದಾಕಿ. ಪೇಪರಿನವರು ಅಕಿ ಟೈಮಿಂಗಿನಷ್ಟ ಅಕಿ ಚೆಲುವಿಕಿನೂ ಬರೆದ್ರು. ಓಡೂದು ಬಿಡೂದ್ರಾಗ ಸಿನಿಮಾದವರು ಬಂದ್ರು, 1991ರಾಗ ಅಕಿ ಹೆಸರಲೆನ ‘ಅಶ್ವಿನಿ’ ಅಂತ ತೆಲುಗು ಪಿಚ್ಚರ್ ಆತು, ಅಕೀನ ನಾಯಕಿ. ಓಡಾಕಿ ಚಂದ ಇದ್ರ ಮಂದಿ ಬಿಡೂದಿಲ್ಲ, ಚಂದ ಇರಲಿಲ್ಲಂದ್ರ ಹೆಣ್ಣಲ್ಲ ಅಂತಾರ. ಹೆಂಗಿದ್ರೂ ನೋಡೂದು ನೋಡತಾರ. ಹಂಗಾದ್ರ ನಾನ ನಿಂತು, ನೋಡ್ರಿ ಅಂದ್ರ ಏನಾತು?

ಅಕ್ಕೋರು: ಮಾತು ಜೋರು ಕಲ್ತೀಯಲ್ಲ! ಹಂಗಿದ್ರ ನಂದೂ ಕೇಳು. 1996ರಾಗ ಬೆಂಗಳೂರಿನ ಚಿನ್ನಸ್ವಾಮಿ ಸ್ಟೇಡಿಯಂನಾಗ ಮಿಸ್ ವರ್ಲ್ಡ್ ಆತು. ಆವಾಗ ಕೊಪ್ಪಳ ಇನ್ನೂ ಜಿಲ್ಲಾ ಆಗಿರಲಿಲ್ಲ, ನಾವು ರಾಯಚೂರು ಜಿಲ್ಲಾದಾಗ ಇದ್ವಿ. ಊರು ತುಂಬ ಅದ ಮಾತು. ಹೆಣ್ಣಮಕ್ಕಳನ್ನ ಸಂತ್ಯಾಗಿನ ಮಾಲು ಮಾಡತಾರ ಅಂತ ಮಹಿಳಾ ಸಂಘಟನೆಯವರು ಒಂದು ಕಡೆ, ನಮ್ಮ ಸಂಸ್ಕೃತಿ ಹಾಳಾತು ಅಂತ ಇನ್ನೊಂದು ಗುಂಪು ಮತ್ತೊಂದು ಕಡೆ. ಇಬ್ಬರಿಗೂ ಒಬ್ಬರನ್ನ ಕಂಡ್ರ ಒಬ್ಬರಿಗೆ ಆಗತಿರಲಿಲ್ಲ, ಘೋಷಣಾ ಮಾತ್ರ ಒಂದ. ಈಜುಡುಗಿ ಸುತ್ತು ಇಲ್ಲಿ ನಡಸಾಕ ಆಗದ ಸೀಶೆಲ್ಸ್ ದ್ವೀಪಕ್ಕ ಒಯ್ದ್ರು. ಕ್ರಿಕೆಟ್ ಆಡೂ ಮೈದಾನದಾಗ ವೇದಿಕಿ ಕಟ್ಟಿ, ಸಾವಿರಾರು ಪೊಲೀಸರ ಕಾವಲಿನ್ಯಾಗ ಗ್ರೀಸ್ ದೇಶದ ಹುಡುಗಿಗೆ ಕಿರೀಟ ಇಟ್ರು. ಅವತ್ತ ನನಗ ಅನಿಸಿದ್ದು ಒಂದ. ನಮ್ಮ ತಾಲ್ಲೂಕಿನಾಗ ಹುಡುಗ್ಯಾರಿಗೆ ಓಡಾಕ ಒಂದು ಸಪಾಟ ಜಾಗಾ ಇಲ್ಲ, ಇಂಥಾದ್ದಕ್ಕ ಮೈದಾನ ಸಿಗತೈತಿ.

ಹುಡುಗಿ: ಆ ಸಿಟ್ಟು ಇನ್ನೂ ಇಳದಿಲ್ಲ ಅನ್ರಿ.

ಅಕ್ಕೋರು: ಇಳದಿಲ್ಲ. ಈಗ ಅವರೂ ಬದಲಾಗ್ಯಾರ ಅಂತಾರ. ಮಿಸ್ ವರ್ಲ್ಡ್‌ನವರು ಈಜುಡುಗಿ ಸುತ್ತು ಕೈಬಿಟ್ಟಾರ. ಮಿಸ್ ಯೂನಿವರ್ಸ್‌ನವರು 2023ರಿಂದ ಮದುವಿ ಆದವರನ್ನೂ ತಾಯಂದಿರನ್ನೂ ತೊಗೊತಾರ, 2024ರಿಂದ ವಯಸ್ಸಿನ ಮಿತಿನೂ ತೆಗದಾರ. ಅಂದ್ರ ನಾನೂ ಹೋಗಬಹುದು!

ಹುಡುಗಿ: ನೀವು ಸೀಟಿ ಊದಿಕೊಂತ ಹೋದ್ರ ಜಡ್ಜ್‌ಗಳು ಎದ್ದು ಓಡತಾರ್ರಿ.

ಅಕ್ಕೋರು: ನಗು, ನಗು. ಆದ್ರ ನನ್ನ ಪ್ರಶ್ನಿ ಬ್ಯಾರೆನ ಐತಿ. ಈ ಜಡ್ಡು, ಈ ಕಿರೀಟ, ಇವೆರಡನ್ನ ನೀ ಯಾಕ ಒಂದ ದಾರದಾಗ ಪೋಣಿಸ್ತಿ? ಕಿರೀಟ ಬೇಕಂದ್ರ ಕಿರೀಟಕ್ಕ ಹೋಗು. ‘ಕ್ಷಯ ಗೆದ್ದ ಸುಂದರಿ’ ಅಂತ ಯಾಕ ಹೋಗಬೇಕು?

ಹುಡುಗಿ: ಯಾಕಂದ್ರ ಎರಡೂ ನನ್ನ ಮೈಮ್ಯಾಲ ಕೂಡೇ ಬಂದಾವ್ರಿ. ಒಂದು ವಿಷಯ ಹೇಳತೇನಿ, ಯಾರಿಗೂ ಹೇಳಿಲ್ಲ. ಕೆಮ್ಮು ಹತ್ತಿ ಮೂರು ತಿಂಗಳಾಗಿತ್ತು, ಕಫ ಪರೀಕ್ಷಾ ಇನ್ನೂ ಮಾಡಿಸಿರಲಿಲ್ಲ. ತೂಕ ಎಂಟು ಕಿಲೋ ಇಳದಿತ್ತು. ಗವಿಮಠದ ಜಾತ್ರ್ಯಾಗ ನಮ್ಮ ಸೋದರತ್ತಿ ಸಿಕ್ಲು. ಗದ್ದ ಹಿಡದು, ‘ಎಷ್ಟ ಚಂದ ಆಗೀಯ! ಓಡೂದು ಬಿಟ್ಟಿ, ತೆಳ್ಳಗಾದಿ, ಬೆಳ್ಳಗಾದಿ, ಈಗ ವರ ನೋಡಬಹುದು’ ಅಂದ್ಲು. ಹಿಮೋಗ್ಲೋಬಿನ್ ಇಳದು ಬಿಳಚಿದ್ದನ್ನ ಬೆಳ್ಳಗಾಗಿದ್ದು ಅಂದ್ಕೊಂಡಿದ್ಲು. ನಾ ಸಾಯಾಕ ಹತ್ತಿದಾಗ ಮಂದಿಗೆ ಭಾಳ ಚಂದ ಕಂಡೇನಿ.

ಅಕ್ಕೋರು: ಅಯ್ಯೋ ಯವ್ವಾ.

ಹುಡುಗಿ: ಈಗ ಗುಳಿಗಿ ಮುಗದಾವ, ರೊಟ್ಟಿ ತಿಂತೇನಿ, ಮೈ ತುಂಬೈತಿ, ಬಿಸಿಲಿಗೆ ಬಣ್ಣ ಮತ್ತ ಕಪ್ಪಾಗೈತಿ. ಈಗ ಯಾರೂ ಚಂದ ಅನ್ನವಲ್ಲರು. ಅದಕ್ಕ ನನಗ ಈಗಿನ ಈ ಮೈ ತೊಗೊಂಡು ಹೋಗಿ ಎಲ್ಲಾರ ಮುಂದ ನಿಲ್ಲಬೇಕು ಅನಸೈತಿ. ಜಡ್ಡಿನ ಮೈ ಅಲ್ಲ, ವಾಸಿ ಆದ ಮೈ ಚಂದ ಅಂತ ಹೇಳಬೇಕು.

ಅಕ್ಕೋರು: ನಿನ್ನ ಸೋದರತ್ತಿ ಒಬ್ಬಾಕಿನ ಅಲ್ಲವಾ. ಯುರೋಪಿನವರೂ ಇದನ್ನ ಮಾಡ್ಯಾರ. ಹತ್ತೊಂಬತ್ತನೇ ಶತಮಾನದಾಗ ಅಲ್ಲಿ ಕ್ಷಯ ಮನಿಮನಿ ತಿಂತಿತ್ತು. ಬಿಳಚಿದ ಮುಖ, ಜ್ವರಕ್ಕ ಕೆಂಪೇರಿದ ಗಲ್ಲ, ಹೊಳಿಯೂ ಕಣ್ಣು, ಸಣ್ಣ ನಡ. ಶ್ರೀಮಂತರ ಹೆಣ್ಣಮಕ್ಕಳಿಗೆ ಅದ ಫ್ಯಾಷನ್. ಜಡ್ಡು ಇಲ್ಲದವರೂ ಹಂಗ ಕಾಣಾಕ ಪೌಡರ್ ಬಳಕೊಂತಿದ್ರು, ನಡ ಬಿಗಿಕೊಂತಿದ್ರು. 1882ರಾಗ ಜರ್ಮನಿಯ ರಾಬರ್ಟ್ ಕೋಕ್ ಇದು ಒಂದು ಕ್ರಿಮಿಯಿಂದ ಬರತೈತಿ ಅಂತ ತೋರಿಸಿದ್ಮ್ಯಾಲ ಆ ಹುಚ್ಚು ಇಳೀತು. ಅಂದ್ರ ಚೆಲುವು ಅನ್ನೂದನ್ನ ಕಾಲಕಾಲಕ್ಕ ಯಾರೋ ಬರದು ಕೊಡತಾರ. ಬಡವರ ಮನಿ ಹುಡುಗಿ ಉಪವಾಸ ಇದ್ದು ತೆಳ್ಳಗಾದ್ರ ಬಡತನ, ಸಾವಕಾರ್ರ ಹುಡುಗಿ ಡಯಟ್ ಮಾಡಿ ತೆಳ್ಳಗಾದ್ರ ಚೆಲುವು.

ಹುಡುಗಿ: ಹಂಗಾದ್ರ ನನ್ನ ಮಾತು ಒಪ್ಪಿದ್ರಿ.

ಅಕ್ಕೋರು: ಅರ್ಧ. ಉಳಿದ ಅರ್ಧ ಹೇಳತೇನಿ. ಈ ಸ್ಪರ್ಧಾದ ಅರ್ಜಿಯೊಳಗ ಏನ ಕೇಳತಾರ?

ಹುಡುಗಿ: ‘ನೀವು ಜೀವನದಲ್ಲಿ ಗೆದ್ದ ದೊಡ್ಡ ಅಡೆತಡೆ ಯಾವುದು, ಹೇಗೆ ಗೆದ್ದಿರಿ’ ಅಂತ ಒಂದು ಪ್ರಶ್ನಿ ಐತ್ರಿ.

ಅಕ್ಕೋರು: ನೀ ಏನ ಬರದಿ?

ಹುಡುಗಿ: ‘ನನ್ನ ಛಲ, ನನ್ನ ಆತ್ಮವಿಶ್ವಾಸದಿಂದ ಕ್ಷಯರೋಗವನ್ನು ಸೋಲಿಸಿದೆ’ ಅಂತ ಬರದೇನ್ರಿ. ಎಲ್ಲಾರೂ ಹಂಗ ಬರೀತಾರ.

ಅಕ್ಕೋರು: ಸುಳ್ಳು.

ಹುಡುಗಿ: ಅಕ್ಕೋರ!

ಅಕ್ಕೋರು: ಸುಳ್ಳ ಅಲ್ಲೇನು? ಛಲಕ್ಕ ಕ್ಷಯದ ಕ್ರಿಮಿ ಸಾಯೂದಿಲ್ಲ. ನೀ ಮೊದಲ ಎರಡು ತಿಂಗಳು ನಾಕು ಥರದ ಔಷಧಿ, ಆಮ್ಯಾಲ ನಾಕು ತಿಂಗಳು ಮೂರು ಥರದ್ದು ನುಂಗಿದಿ. ಒಂದ ದಿನ ತಪ್ಪಿಸಲಿಲ್ಲ, ಅದು ನಿನ್ನ ಗಟ್ಟಿತನ, ಇಲ್ಲ ಅನ್ನೂದಿಲ್ಲ. ಆದ್ರ ಗುಳಿಗಿ ಯಾರು ಕೊಟ್ರು?

ಹುಡುಗಿ: ಸರಕಾರದ್ದು. ಪುಕ್ಕಟ.

ಅಕ್ಕೋರು: ತಿಂಗಳಾ ಊಟಕ್ಕ ರೊಕ್ಕ?

ಹುಡುಗಿ: ನಿಕ್ಷಯ್ ಪೋಷಣ್ ಅಂತ ಬ್ಯಾಂಕಿಗೆ ಬೀಳತಿತ್ತು. ಮೊದಲು 500 ರೂಪಾಯಿ ಇತ್ತಂತ, 2024ರ ನವೆಂಬರ್‌ನಿಂದ 1,000 ಆಗೈತಿ. ಅದ್ರಾಗ ನಮ್ಮವ್ವ ತತ್ತಿ, ಶೇಂಗಾ ತರತಿದ್ಲು.

ಅಕ್ಕೋರು: ಮೂತ್ರ ಕೆಂಪಗಾತು ಅಂತ ಅಂಜಿಕೊಂಡು ಗುಳಿಗಿ ಬಿಡಾಕ ಹೋದಾಗ?

ಹುಡುಗಿ: ಆಶಾ ಕಾರ್ಯಕರ್ತಿ ಅಕ್ಕ ಮನೀಗೆ ಬಂದು, ‘ಅದು ರಕ್ತ ಅಲ್ಲ, ಗುಳಿಗಿ ಬಣ್ಣ, ಬಿಡಬ್ಯಾಡ’ ಅಂತ ಬೈದ್ಲು.

ಅಕ್ಕೋರು: ನೋಡು. ಇಷ್ಟು ಮಂದಿ ಇಷ್ಟು ಕೆಲಸ ಮಾಡ್ಯಾರ. ನಿನ್ನ ಅರ್ಜಿಯೊಳಗ ಅವರೆಲ್ಲಾ ಎಲ್ಲಿ ಹೋದ್ರು? ‘ನನ್ನ ಛಲ’ ಅಂತ ಎರಡು ಶಬ್ದದಾಗ ಎಲ್ಲಾರನ್ನೂ ಒರಸಿಬಿಟ್ಟಿ.

ಹುಡುಗಿ: ಗೆದ್ದವರ ಕತಿ ಎಲ್ಲಾ ಹಂಗ ಇರತಾವಲ್ರಿ.

ಅಕ್ಕೋರು: ಹಂಗ ಹೇಳತಾರ, ಹಂಗ ಇರೂದಿಲ್ಲ. ವಿಲ್ಮಾ ರುಡಾಲ್ಫ್ ಗೊತ್ತಲ್ಲ? ಅಮೆರಿಕದ ಟೆನೆಸ್ಸಿ ರಾಜ್ಯದಾಕಿ, ಕಪ್ಪು ಜನರ ಮನಿತನ, 22 ಮಕ್ಕಳೊಳಗ 20ನೇದಾಕಿ. ಸಣ್ಣಾಕಿ ಇದ್ದಾಗ ಪೋಲಿಯೊ. 1960ರ ರೋಮ್ ಒಲಿಂಪಿಕ್ಸ್‌ನಾಗ 100 ಮೀಟರ್, 200 ಮೀಟರ್, ರಿಲೇ, ಮೂರೂ ಬಂಗಾರ. ಪೋಲಿಯೊ ಗೆದ್ದ ಹುಡುಗಿ ಅಂತ ಪಾಠದಾಗ ಬರೀತಾರ. ಆದ್ರ ಅಕಿ ತಾಯಿ ವಾರಾ ವಾರಾ ಬಸ್ಸಿನ್ಯಾಗ ಎಂಬತ್ತು ಕಿಲೋಮೀಟರ್ ದೂರದ ದವಾಖಾನಿಗೆ ಕರಕೊಂಡು ಹೋಗತಿದ್ಲು. ಹತ್ರ ಇದ್ದ ದವಾಖಾನಿಗಳು ಬಿಳಿಯರಿಗೆ. ಮನ್ಯಾಗ ಅಕ್ಕ, ಅಣ್ಣ, ತಾಯಿ ಪಾಳಿ ಹಚ್ಚಿ ದಿನಕ್ಕ ನಾಕು ಸಲ ಅಕಿ ಕಾಲು ತಿಕ್ಕಿದ್ರು. ಆ ಬಂಗಾರದಾಗ ತಿಕ್ಕಿದ ಕೈಗಳ ಪಾಲು ಎಷ್ಟು?

ಹುಡುಗಿ: ನಮ್ಮ ಕಡೆನೂ ಮಾಲತಿ ಹೊಳ್ಳ ಅವರದ ಐತಲ್ರಿ.

ಅಕ್ಕೋರು: ಹೌದು, ನಮ್ಮ ಕರ್ನಾಟಕದವರ. ವರ್ಷದ ಕೂಸಿದ್ದಾಗ ಜ್ವರ ಬಂದು ಪೋಲಿಯೊ ಆತು. ಎಳೀತನದ ಹದಿನೈದು ವರ್ಷ ಚೆನ್ನೈದಾಗ ಚಿಕಿತ್ಸಾದಾಗ ಕಳದ್ರು, ಮೂವತ್ತಕ್ಕೂ ಮ್ಯಾಲ ಆಪರೇಷನ್ ಆಗ್ಯಾವ. ಬ್ಯಾಂಕಿನ ನೌಕರಿ ಮಾಡಿಕೊಂತ ವೀಲ್‌ಚೇರ್ ಓಟ, ಜಾವೆಲಿನ್, ಗುಂಡು ಎಸೆತ. ಪ್ಯಾರಾಲಿಂಪಿಕ್ಸ್‌ಗೂ ಹೋಗಿ ಬಂದ್ರು. 1995ರಾಗ ಅರ್ಜುನ ಪ್ರಶಸ್ತಿ, 2001ರಾಗ ಪದ್ಮಶ್ರೀ. ಆಮ್ಯಾಲ ಏನ ಮಾಡಿದ್ರು ಗೊತ್ತೇನು? ಮಾತೃ ಫೌಂಡೇಷನ್ ಅಂತ ಕಟ್ಟಿ, ಹಳ್ಳಿ ಕಡೆಯ ಅಂಗವಿಕಲ ಮಕ್ಕಳನ್ನ ಇಟ್ಟುಕೊಂಡು ಸಾಕಿದ್ರು. ಬರೇ ಛಲ ಸಾಕಾಗಿದ್ರ ಆ ಮಕ್ಕಳಿಗೆ ‘ಛಲ ಬಿಡಬ್ಯಾಡ್ರಿ’ ಅಂತ ಒಂದು ಭಾಷಣ ಮಾಡಿ ಬರತಿದ್ರು. ಊಟ, ವಸತಿ, ಆಪರೇಷನ್, ಸಾಲಿ ಬೇಕು ಅಂತ ಅವರಿಗೆ ಗೊತ್ತಿತ್ತು.

ಹುಡುಗಿ: ವಿದಿಶಾಗೂ ಹಂಗ ಯಾರೋ ಬೆನ್ನಿಗೆ ನಿಂತಾರ್ರಿ. ದೀಪಾ ಮಲಿಕ್ ಇದ್ದಾರಲ್ಲ, ಬೆನ್ನುಹುರಿ ಗಡ್ಡಿಯಿಂದ ಎದಿ ಕೆಳಗ ಸ್ವಾಧೀನ ಕಳಕೊಂಡು, 2016ರ ರಿಯೊ ಪ್ಯಾರಾಲಿಂಪಿಕ್ಸ್‌ನಾಗ ಗುಂಡು ಎಸೆತದಾಗ 4.61 ಮೀಟರ್ ಎಸೆದು ಬೆಳ್ಳಿ ತಂದವರು. ಅವರೂ ಅವರ ಮಗಳೂ ನಡಸೂ ಸಂಸ್ಥಾದವರ ಅಕೀನ್ನ ತಯಾರು ಮಾಡಿದ್ದು.

ಅಕ್ಕೋರು: ಮತ್ತ! ಅಕಿ ಕಿರೀಟದ ಹಿಂದೂ ಇನ್ನೊಬ್ಬ ಆಟಗಾರ್ತಿ ಕೈ ಐತಿ. ಇನ್ನ ನನ್ನ ಮೂಲ ಮಾತಿಗೆ ಬರತೇನಿ. ‘ಛಲದಿಂದ ಜಡ್ಡು ಗೆದ್ದೆ’ ಅಂತ ನೀ ಮೈಕಿನ್ಯಾಗ ಹೇಳಿದಿ ಅಂತ ತಿಳಿ. ಕೆಳಗ ಕುಂತಾಕಿ ಒಬ್ಬಾಕಿ, ಅಕಿ ಅಣ್ಣ ಅದ ಜಡ್ಡಿನ್ಯಾಗ ಹೋಗ್ಯಾನ. ಅವನಿಗೆ ಛಲ ಇರಲಿಲ್ಲೇನು?

ಹುಡುಗಿ: ...ಹಂಗ ನಾ ಅನ್ನೂದಿಲ್ರಿ.

ಅಕ್ಕೋರು: ನೀ ಅನ್ನೂದಿಲ್ಲ, ಆದ್ರ ಅಕಿ ಕಿವಿಗೆ ಹಂಗ ಕೇಳತೈತಿ. ಯಲಬುರ್ಗಾ ಕಡೆ, ನಮ್ಮ ಕುಷ್ಟಗಿ ಕಡೆ ನೋಡು. ಬೋರಿನ ನೀರಾಗ ಫ್ಲೋರೈಡ್. ಲೀಟರಿಗೆ ಒಂದೂವರಿ ಮಿಲಿಗ್ರಾಂ ದಾಟಬಾರದು ಅಂತ ಮಾನದಂಡ ಐತಿ, ಎಷ್ಟೋ ಊರಾಗ ಅದನ್ನ ದಾಟಿದ ನೀರನ್ನ ಮಂದಿ ವರ್ಷಾನುಗಟ್ಟಲೆ ಕುಡದಾರ. ಹುಡುಗೂರ ಹಲ್ಲು ಕಂದು ಆಗತಾವ, ದೊಡ್ಡವರ ಸಂದು ಬಿಗೀತಾವ, ಬೆನ್ನು ಬಾಗತೈತಿ. ಅಂಥಾ ಊರಿನ ಹುಡುಗಿ ಹೈಜಂಪಿಗೆ ಬಂದ್ರ ನಾ ಛಲದ ಪಾಠ ಮಾಡಲೇನು? ಅಕಿಗೆ ಬೇಕಾಗಿದ್ದು ಹೊಳಿ ನೀರು. ಗಂಗಾವತಿ ಕಡೆ ಕಾಲುವಿ ಹರೀತಾವ, ವರ್ಷಕ್ಕ ಎರಡು ಸಲ ಭತ್ತ ಬೆಳೀತಾರ. ಐವತ್ತು ಅರವತ್ತು ಕಿಲೋಮೀಟರ್ ಈಕಡೆ ಬಂದ್ರ ಮಳಿ ಬಂದ್ರಷ್ಟ ಬೆಳಿ. ಒಂದ ಜಿಲ್ಲಾ, ಒಂದ ಕ್ರೀಡಾಕೂಟ, ಒಂದ ಗೆರಿ ಮ್ಯಾಲ ನಿಂತು ಓಡತಾರ. ಆದ್ರ ಅವರು ನಿಂತ ಗೆರಿ ಒಂದ ಅಲ್ಲ.

ಹುಡುಗಿ: ಇದನ್ನ ನೀವು ನಮಗ ಓಡೂಮುಂದ ಯಾವತ್ತೂ ಹೇಳಲಿಲ್ಲ.

ಅಕ್ಕೋರು: ಓಡೂಮುಂದ ಹೇಳಿದ್ರ ಓಡತಿದ್ದಿಲ್ಲ. ‘ಕಾಲು ಎತ್ತು, ಕೈ ಬೀಸು, ಕೊನೀ ಇನ್ನೂರು ಮೀಟರ್ ಹಲ್ಲು ಕಚ್ಚು’ ಅಂತನ ಹೇಳಬೇಕಾಗತೈತಿ. ಗೆದ್ದು ಬಂದ ಮ್ಯಾಲ ಹೇಳೂ ಮಾತು ಬ್ಯಾರೆ. ದೇಶದಾಗ 15ರಿಂದ 49 ವರ್ಷದ ಹೆಣ್ಣಮಕ್ಕಳೊಳಗ ನೂರಕ್ಕ 57 ಮಂದಿಗೆ ರಕ್ತಹೀನತಾ ಐತಿ ಅಂತ 2019–21ರ ಕುಟುಂಬ ಆರೋಗ್ಯ ಸಮೀಕ್ಷಾ ಹೇಳತೈತಿ. ನಮ್ಮ ರಾಜ್ಯದಾಗ ಅರ್ಧದ ಹತ್ರ. 800 ಮೀಟರ್ ಅಂದ್ರ ಏನು? ರಕ್ತ ಉಸಿರು ಹೊತ್ತು ಕಾಲಿಗೆ ಮುಟ್ಟಿಸೂ ಆಟ. ರಕ್ತ ಇಲ್ಲದಾಕಿ ಎರಡನೇ ಸುತ್ತಿನ್ಯಾಗ ಹಿಂದ ಬಿದ್ರ ‘ಇವತ್ತ ಛಲ ಕಡಿಮಿ ಆತು’ ಅಂತಾರ.

ಹುಡುಗಿ: ಎಲ್ಲಾ ಒಪ್ಪಿದೆ ಅಕ್ಕೋರ. ಆದ್ರ ನೀವು ಒಂದು ಮರೀತೀರಿ. ಗುಳಿಗಿ ಸಿಕ್ತು, ರೊಕ್ಕ ಸಿಕ್ತು, ವಾಸಿ ಆತು, ಖರೆ. ಆದ್ರ ಆರು ತಿಂಗಳು ನಮ್ಮವ್ವ ನನಗ ಏನಂದಿದ್ಲು ಗೊತ್ತೇನ್ರಿ? ‘ಯಾರರ ಕೇಳಿದ್ರ ಟೈಫಾಯಿಡ್ ಅನ್ನು.’ ಗುಳಿಗಿ ಡಬ್ಬಿ ಹಿಟ್ಟಿನ ಡಬ್ಬಿ ಹಿಂದ. ಆಶಾ ಅಕ್ಕ ಬಂದ್ರ ‘ರೇಷನ್ ಕಾರ್ಡ್ ಕೆಲಸಕ್ಕ ಬಂದಾಳ’ ಅಂತ ನೆರೆಮನಿಯವರಿಗೆ ಹೇಳಿಕಿ. ನಂದು ಮದುವಿ ಆಗೂದಿಲ್ಲ, ತಂಗಿದೂ ಆಗೂದಿಲ್ಲ ಅಂತ ಅಂಜಿಕಿ. ಜಡ್ಡು ಮೈಯಿಂದ ಹೋದ್ರೂ ಮನಿಯಿಂದ ಹೋಗಿಲ್ರಿ, ಇನ್ನೂ ಹಿಟ್ಟಿನ ಡಬ್ಬಿ ಹಿಂದನ ಐತಿ.

ಅಕ್ಕೋರು: ಅದು ನನಗ ಗೊತ್ತಿರಲಿಲ್ಲ.

ಹುಡುಗಿ: ಅಮೆರಿಕದಾಗ ನಿಕೋಲ್ ಜಾನ್ಸನ್ ಅಂತ ಒಬ್ಬಾಕಿ, ಸಕ್ಕರಿ ಕಾಯಿಲಿ ಇದ್ದಾಕಿ, ಇನ್ಸುಲಿನ್ ಪಂಪ್ ಹಾಕ್ಕೊಂಡ 1999ರ ಮಿಸ್ ಅಮೆರಿಕ ಆದ್ಲು. ಅದನ್ನ ತಿಳಕೊಂಡ ಇನ್ನೊಬ್ಬಾಕಿ, ಸಿಯೆರಾ ಸ್ಯಾಂಡಿಸನ್, 2014ರಾಗ ಮಿಸ್ ಐಡಾಹೊ ಸ್ಪರ್ಧಾಕ್ಕ ಹೋದ್ಲು. ಈಜುಡುಗಿ ಸುತ್ತಿನ್ಯಾಗ ಪಂಪ್ ಮುಚ್ಚಿಡಾಕ ಜಾಗಾ ಎಲ್ಲಿರತೈತ್ರಿ? ಅಕಿ ಅದನ್ನ ನಡಕ್ಕ ಸಿಗಿಸಿಕೊಂಡು, ಎಲ್ಲಾರಿಗೂ ಕಾಣೂ ಹಂಗ ನಡದ್ಲು. ಗೆದ್ದಳು. ಆಮ್ಯಾಲ ಊರೂರಿನ ಹುಡುಗೂರು ತಮ್ಮ ಪಂಪ್ ತೋರಿಸಿ ಫೋಟೊ ಹಾಕಿದ್ರು. ಇಷ್ಟು ದಿನ ಅಂಗಿ ಒಳಗ ಮುಚ್ಚಿಕೊಂಡವರು. ಆ ಕೆಲಸ ಗಡಿಯಾರಕ್ಕ ಬರತೈತೇನ್ರಿ? ನಾ 800 ಮೀಟರ್ ಎಷ್ಟ ಜೋರು ಓಡಿದ್ರೂ ಹಿಟ್ಟಿನ ಡಬ್ಬಿ ಹಿಂದಿನ ಡಬ್ಬಿ ಹೊರಗ ಬರೂದಿಲ್ಲ. ಸುಂದರಿ ಅಂತ ಮಂದಿ ಚಪ್ಪಾಳಿ ಹೊಡಿಯೂಮುಂದ ‘ನನಗ ಕ್ಷಯ ಇತ್ತು’ ಅಂದ್ರ ಬರತೈತಿ. ಚಂದ ಅಂದ ಬಾಯಿಂದ ಛೀ ಅನ್ನಾಕ ಆಗೂದಿಲ್ಲ.

ಅಕ್ಕೋರು: ...ಈ ಮಾತಿಗೆ ನನ್ನ ಹತ್ರ ಉತ್ತರ ಇಲ್ಲ. ಬೆಂಗಳೂರಿನಾಗ ದಂತವೈದ್ಯೆ ಒಬ್ಬರು, ಡಾ. ರಾಜಲಕ್ಷ್ಮಿ ಎಸ್.ಜೆ. ಅಂತ. 2007ರಾಗ ರಸ್ತೆ ಅಪಘಾತದಾಗ ಬೆನ್ನುಹುರಿಗೆ ಪೆಟ್ಟಾಗಿ ವೀಲ್‌ಚೇರ್ ಹಿಡದ್ರು. ಓದು ಬಿಡಲಿಲ್ಲ. 2014ರಾಗ ಮಿಸ್ ವೀಲ್‌ಚೇರ್ ಇಂಡಿಯಾ ಆದ್ರು. 2017ರಾಗ ಪೋಲೆಂಡ್‌ನಾಗ ಮೊದಲ ಸಲ ಮಿಸ್ ವೀಲ್‌ಚೇರ್ ವರ್ಲ್ಡ್ ಆತು, ಅಲ್ಲಿಗೂ ಹೋದ್ರು. ಆವಾಗ ಪೇಪರಿನ್ಯಾಗ ಓದಿ, ಡಾಕ್ಟರ್ ಆದವರಿಗೆ ಇದೆಲ್ಲಾ ಯಾಕ ಬೇಕಿತ್ತು ಅಂದಿದ್ದೆ. ಈಗ ತಿಳೀತು. ಡಾಕ್ಟರ್ ಅನಿಸ್ಕೊಂಡ್ರೂ ಮಂದಿ ಗಾಲಿ ಕುರ್ಚಿ ಕಂಡ್ರ ‘ಪಾಪ’ ಅಂತಿರಬೇಕು. ಆ ಪಾಪ ಅನ್ನೂದನ್ನ ತೆಗಿಯಾಕ ಬ್ಯಾರೆ ದಾರಿ ಬೇಕಾಗತೈತಿ.

ಹುಡುಗಿ: ಅಷ್ಟ ಅಲ್ರಿ, ಕಿರೀಟ ಇಟ್ಟುಕೊಂಡ್ರ ತಲಿ ಖಾಲಿ ಅಂತ ತಿಳಿಯೂದೂ ತಪ್ಪು. 1966ರಾಗ ರೀಟಾ ಫಾರಿಯಾ ಮಿಸ್ ವರ್ಲ್ಡ್ ಆದಾಗ ಮುಂಬೈದಾಗ ಡಾಕ್ಟರಿಕಿ ಓದತಿದ್ರು. ಏಷ್ಯಾದಿಂದ ಗೆದ್ದ ಮೊದಲನೇದವರು. ಸಿನಿಮಾ, ಮಾಡೆಲಿಂಗ್ ಎಲ್ಲಾ ಬ್ಯಾಡ ಅಂದು, ವರ್ಷ ಮುಗೀತಿದ್ದಂಗ ಮತ್ತ ಓದಾಕ ಹೋಗಿ ಡಾಕ್ಟರ್ ಆದ್ರು.

ಅಕ್ಕೋರು: ಅದು ಭೇಷ್. ಕಿರೀಟಕ್ಕ ಒಂದು ವರ್ಷ, ಕೆಲಸಕ್ಕ ಜೀವಮಾನ. ನೀ ಅಷ್ಟು ಲೆಕ್ಕ ಇಟ್ಟುಕೊಂಡ್ರ ನಂದೇನೂ ತಕರಾರಿಲ್ಲ. ಆದ್ರ ಚೆಲುವಿನ ವ್ಯಾಪಾರ ಹ್ಯಾಂಗ ನಡೀತೈತಿ ಅನ್ನೂದೂ ತಿಳಕೋ. ದೂರ ಹೋಗೂದು ಬ್ಯಾಡ. ಜಡ್ಡಿನ್ಯಾಗ ನಿನ್ನ ಕೂದಲು ಉದರಿದ್ವಲ್ಲ, ಏನ ಮಾಡಿದ್ರಿ?

ಹುಡುಗಿ: ನಮ್ಮವ್ವ ಕೂಡಿಸಿಟ್ಟು ಕೂದಲದವನಿಗೆ ಹಾಕಿದ್ಲು. ಒಂದು ಸ್ಟೀಲ್ ಬಟ್ಟಲ ಕೊಟ್ಟ.

ಅಕ್ಕೋರು: ಆ ಕೂದಲು ಇಲ್ಲೇ ಭಾಗ್ಯನಗರಕ್ಕ ಬಂದಿರತೈತಿ. ಊರೂರಿನ ಕೂದಲು ಅಲ್ಲಿಗೆ ಬರತೈತಿ. ಹೆಣ್ಣಮಕ್ಕಳು ದಿನಗೂಲಿ ಮ್ಯಾಲ ಕುಂತು ಸಿಕ್ಕು ಬಿಡಸ್ತಾರ, ತೊಳೀತಾರ, ಉದ್ದದ ಪ್ರಕಾರ ಜೋಡಿಸಿ ಕಟ್ಟತಾರ. ಅದು ದೇಶಾಂತರ ಹೋಗಿ ವಿಗ್ ಆಗತೈತಿ. ಕ್ಯಾನ್ಸರಿನ್ಯಾಗ ಕೂದಲು ಕಳಕೊಂಡವರೂ ಹಾಕ್ಕೊತಾರ, ವೇದಿಕಿ ಮ್ಯಾಲ ಮೆರಿಯೂ ಸುಂದರ್ಯಾರೂ ಹಾಕ್ಕೊತಾರ. ನಿನ್ನ ಜಡ್ಡಿನ ಕೂದಲಿಗೂ ಬೆಲಿ ಬಂತು. ನಿನ್ನ ಮನೀಗೆ ಬಂದಿದ್ದು ಬಟ್ಟಲ. ನಿನ್ನ ಜಡ್ಡಿನ ಕತಿಗೂ ಅದ ಆಗಬಾರದು. ಆ ಸ್ಪರ್ಧಾ ನಡಸೂರು ನಿನ್ನ ಕಣ್ಣೀರು ತೊಗೊಂಡು ಟಿಕೆಟ್ ಮಾರಿ, ನಿನಗ ಪ್ಲಾಸ್ಟಿಕ್ ಕಿರೀಟ ಕೊಟ್ಟು ಕಳಿಸಬಾರದು.

ಹುಡುಗಿ: ಅದಕ್ಕ ನಿಮ್ಮನ್ನ ಕೇಳಾಕ ಬಂದೇನ್ರಿ. ಏನ ನೋಡಬೇಕು ಹೇಳ್ರಿ.

ಅಕ್ಕೋರು: ಪ್ರವೇಶ ಶುಲ್ಕ ಎಷ್ಟು, ಗೆದ್ದ ಮ್ಯಾಲ ಮುಂದಿನ ಸುತ್ತಿಗೆ ಮತ್ತ ರೊಕ್ಕ ಕೇಳತಾರೇನು, ಬಟ್ಟಿ ಖರ್ಚು, ಉಳಿಯೂ ಖರ್ಚು ಯಾರದು, ಜಡ್ಜ್ ಯಾರು, ಸಹಿ ಮಾಡಿಸೂ ಕಾಗದದಾಗ ನಿನ್ನ ಫೋಟೊ ಮ್ಯಾಲ ಯಾರ ಹಕ್ಕು. ಇಷ್ಟೂ ಬರವಣಿಗಿ ಒಳಗ ಕೇಳು. ಕೊಡದಿದ್ರ ಹೋಗಬ್ಯಾಡ. ತೂಕ ಇಳಿಸು ಅಂದ್ರ ಅವತ್ತ ಎದ್ದು ಬಾ. ಎಂಟು ಕಿಲೋ ಮತ್ತ ಗಳಿಸಾಕ ಎಷ್ಟು ರೊಟ್ಟಿ ಹಿಡದಾವ ಅಂತ ನಿನಗ ಗೊತ್ತೈತಿ. ಮತ್ತ ಒಂದು, ಡಾಕ್ಟ್ರು ಹೂಂ ಅನ್ನೂ ತನಕ ಓಟ ಇಲ್ಲ. ಅಂದ ಮ್ಯಾಲ ಮೊದಲು ನಡಿಯೂದು, ಆಮ್ಯಾಲ ನಿಧಾನ ಓಡೂದು. 800 ಮೀಟರ್ ಎಲ್ಲಿಗೂ ಓಡಿ ಹೋಗೂದಿಲ್ಲ.

ಹುಡುಗಿ: ಆತ್ರಿ. ಅರ್ಜಿಯೊಳಗಿನ ಆ ಪ್ರಶ್ನಿಗೆ ಏನ ಬರೀಲಿ?

ಅಕ್ಕೋರು: ನೀನ ಹೇಳು. ಈಗಿಷ್ಟೊತ್ತು ಜಗಳಾಡಿದ್ವಲ್ಲ.

ಹುಡುಗಿ: ‘ನನಗೆ ಕ್ಷಯ ಬಂದಿತ್ತು. ಅದಕ್ಕೆ ಔಷಧಿ ಇತ್ತು, ನನಗೆ ಸಿಕ್ಕಿತು, ನಾನು ಒಂದು ದಿನವೂ ಬಿಡದೆ ನುಂಗಿದೆ. ಆಶಾ ಅಕ್ಕ ಬೈದಳು, ಅವ್ವ ತತ್ತಿ ಬೇಯಿಸಿದಳು. ಔಷಧಿ ಸಿಕ್ಕರೆ ಇದು ವಾಸಿಯಾಗುವ ಜಡ್ಡು, ಮುಚ್ಚಿಡುವ ಜಡ್ಡಲ್ಲ. ಈಗ ನಾನು ಹೀಗಿದ್ದೇನೆ, ನೋಡಿ.’

ಅಕ್ಕೋರು: ಚಲೋ ಐತಿ. ಆದ್ರ ಇದರಾಗ ‘ಗೆದ್ದೆ’ ಅಂತ ಇಲ್ಲ. ಮಾರ್ಕ್ಸ್ ಕಡಿಮಿ ಬೀಳತಾವ.

ಹುಡುಗಿ: ಬೀಳಲಿ ಬಿಡ್ರಿ.

ಅಕ್ಕೋರು: ಒಂದು ಕೇಳತೇನಿ, ಸಿಟ್ಟಾಗಬ್ಯಾಡ. ಈ ಮಾತು ಕಿರೀಟ ಇಲ್ಲದನೂ ಹೇಳಬಹುದಲ್ಲ?

ಹುಡುಗಿ: ಹೇಳಬಹುದ್ರಿ. ಕೇಳೋರು ಯಾರು?

ಅಕ್ಕೋರು: ನಮ್ಮ ಸಾಲ್ಯಾಗ ನೂರಾರು ಹುಡುಗ್ಯಾರದಾರ. ಅವರೊಳಗ ಯಾರ ಮನ್ಯಾಗ ಹಿಟ್ಟಿನ ಡಬ್ಬಿ ಹಿಂದ ಏನೈತೋ ನನಗೂ ಗೊತ್ತಿಲ್ಲ. ಶನಿವಾರ ಮುಂಜಾನೆ ಡ್ರಿಲ್ ಇರತೈತಿ, ಎಲ್ಲಾರೂ ಮೈದಾನದಾಗ ಇರತಾರ. ಮೊದಲು ಅಲ್ಲಿ ಬಂದು ಹೇಳು. ಆಶಾ ಅಕ್ಕನ್ನೂ ಕರಕೊಂಡು ಬಾ.

ಹುಡುಗಿ: ಬರತೇನ್ರಿ. ನಮ್ಮವ್ವನ ಒಪ್ಪಸ್ತೇನಿ. ಆದ್ರ ಅರ್ಜಿ ಹಾಕೂದು ಮಾತ್ರ ಬಿಡೂದಿಲ್ಲ.

ಅಕ್ಕೋರು: ಬಿಡು ಅಂತ ಯಾರ ಅಂದ್ರು? ಶುಲ್ಕ ಎಷ್ಟು ಅಂತ ಮೊದಲು ಕೇಳು.